ತಮ್ಮ ರಾತ್ರಿಯೆಲ್ಲ ಟೀಸರ್ ಓಡಿಸುತ್ತಾನೆ, ಅದು ಲೆಕ್ಕಕ್ಕೆ ಬರುತ್ತಾ?

ಪ್ರಶ್ನೆ: ಮೇಡಂ, ನಮ್ಮದು ಮಂಡ್ಯ. ನನ್ನ ತಮ್ಮ ಬಿ.ಕಾಂ. ಎರಡನೇ ವರ್ಷದಲ್ಲಿದ್ದಾನೆ. ಒಬ್ಬ ಹೀರೋ ಎಂದರೆ ಪ್ರಾಣ. ಆ ಹೀರೋ ಹೆಸರಿನಲ್ಲಿ ಇನ್‌ಸ್ಟಾಗ್ರಾಮ್ ಫ್ಯಾನ್ ಪೇಜ್ ನಡೆಸುತ್ತಾನೆ, 40 ಸಾವಿರ ಜನ ಫಾಲೋ ಮಾಡುತ್ತಾರೆ. ಹೋದ ತಿಂಗಳು ಟೀಸರ್ ಬಂದ ರಾತ್ರಿ ಮನೆಯ ನಾಲ್ಕೂ ಫೋನಿನಲ್ಲಿ ಅದನ್ನೇ ಸೌಂಡ್ ಆಫ್ ಮಾಡಿ ಬೆಳಗಿನವರೆಗೆ ಓಡಿಸಿದ. ಮಾರನೆಯ ದಿನ ಇಂಟರ್ನಲ್ಸ್ ಇತ್ತು, ಹೋಗಲಿಲ್ಲ. ಕೇಳಿದರೆ "ಇವತ್ತು ಮಲಗಿದ್ರೆ ನಮ್ ಬಾಸ್ ಮಾನ ಹೋಯ್ತದೆ ಕಣಕ್ಕ" ಅಂದ. ಬೇರೆ ಹೀರೋ ಅಭಿಮಾನಿಗಳ ಜೊತೆ ದಿನಾ ಬೈದಾಟ. ಅಪ್ಪನೂ ವಯಸ್ಸಿನಲ್ಲಿ ಅಂಬರೀಷ್ ಅಭಿಮಾನಿ ಸಂಘದಲ್ಲಿ ಓಡಾಡಿದವರು. "ನಾವೂ ಮಾಡಿದ್ವಿ, ಬಿಡು" ಅಂತಾರೆ. ನನಗೆ ಮಾತ್ರ ಇದು ಬೇರೆ ಥರ ಅನ್ನಿಸುತ್ತೆ. ಅವನು ಹೀಗೆ ಓಡಿಸುವುದು ಲೆಕ್ಕಕ್ಕೆ ಬರುತ್ತಾ? ಅದರ ದುಡ್ಡು ಯಾರಿಗೆ? ಫೋನ್ ಕಿತ್ತಿಟ್ಟುಕೊಂಡರೆ ಸರಿಹೋಗುತ್ತಾ? ಇನ್ನೊಂದು ವಿಷಯ. ಯಾವುದೋ ಬೆಟ್ಟಿಂಗ್ ಆ್ಯಪ್‌ನವರು ಒಂದು ಸ್ಟೋರಿ ಹಾಕಿದರೆ 3 ಸಾವಿರ ಕೊಡ್ತೀವಿ ಅಂತ ಅವನಿಗೆ ಮೆಸೇಜ್ ಮಾಡಿದ್ದಾರೆ. ತಗೊಳ್ಳಬಹುದಾ?

ಉತ್ತರ: ನಿಮ್ಮ ಪತ್ರವನ್ನು ಎರಡು ಸಲ ಓದಿದೆ. ನಾನು ಮೈಸೂರಿನಲ್ಲಿ ಮಾಧ್ಯಮದ ಪಾಠ ಹೇಳುವವಳು. ನನ್ನ ತರಗತಿಯಲ್ಲಿ ಪ್ರತಿ ವರ್ಷವೂ ನಿಮ್ಮ ತಮ್ಮನಂಥ ನಾಲ್ಕೈದು ಹುಡುಗರು ಇರುತ್ತಾರೆ. ಹುಡುಗಿಯರೂ ಇರುತ್ತಾರೆ. ಅವರಲ್ಲಿ ಕೆಲವರು ಕೊರಿಯಾದ ಹಾಡುಗಾರರಿಗಾಗಿ ಇದೇ ಕೆಲಸ ಮಾಡುತ್ತಾರೆ. ಅವರ ಜೊತೆ ಮಾತಾಡಿ, ಅವರ ಫೋನಿನಲ್ಲೇ ನೋಡಿ ತಿಳಿದದ್ದನ್ನು ನಿಮಗೆ ಹೇಳುತ್ತೇನೆ.

ಮೊದಲು ಆ ನಾಲ್ಕು ಫೋನಿನ ವಿಷಯ. ಅವನು ಓಡಿಸಿದ್ದರಲ್ಲಿ ಬಹುಪಾಲು ಲೆಕ್ಕಕ್ಕೆ ಬಂದಿರಲಾರದು. ಒಂದು ಫೋನು ಒಂದೇ ವಿಡಿಯೋವನ್ನು ಮತ್ತೆ ಮತ್ತೆ ಹಾಕುತ್ತಿದ್ದರೆ ಯೂಟ್ಯೂಬ್ ಅದನ್ನು ಗುರುತಿಸುತ್ತದೆ. ನಿಜವಾದ ಮನುಷ್ಯ ನಿಜವಾಗಿ ನೋಡಿದ್ದನ್ನು ಮಾತ್ರ ಎಣಿಸಬೇಕು ಎನ್ನುವುದು ಅವರ ನಿಯಮ. ಅನುಮಾನ ಬಂದ ವ್ಯೂಗಳನ್ನು ಆಮೇಲೆ ತೆಗೆದೂ ಹಾಕುತ್ತಾರೆ. ನಿಮಗೆ ನೆನಪಿರಬಹುದು, ಹಿಂದೆ ಹೊಸ ವಿಡಿಯೋಗಳ ಲೆಕ್ಕ 301ಕ್ಕೆ ಬಂದು ನಿಂತುಬಿಡುತ್ತಿತ್ತು. ಈ ಪರಿಶೀಲನೆಗೇ ಅದು ನಿಲ್ಲುತ್ತಿದ್ದದ್ದು. 2015ರಲ್ಲಿ ಆ ನಿಲ್ಲಿಸುವುದನ್ನು ಕೈಬಿಟ್ಟರು, ಪರಿಶೀಲನೆಯನ್ನು ಬಿಡಲಿಲ್ಲ. ಈಗ ಅದು ನಮ್ಮ ಕಣ್ಣಿಗೆ ಕಾಣದ ಹಾಗೆ ನಡೆಯುತ್ತದೆ.

ಅಭಿಮಾನಿಗಳ ಗ್ರೂಪಿನಲ್ಲಿ ಇದಕ್ಕೆಲ್ಲ ನಿಯಮಗಳ ಪಟ್ಟಿಯೇ ಓಡಾಡುತ್ತದೆ. ಸೌಂಡ್ ಪೂರ್ತಿ ಆಫ್ ಮಾಡಬೇಡಿ, ಲೂಪ್ ಹಾಕಬೇಡಿ, ನಡುವೆ ಬೇರೆ ಎರಡು ವಿಡಿಯೋ ನೋಡಿ, ಲಿಂಕ್ ಒತ್ತುವ ಬದಲು ಹೆಸರು ಹುಡುಕಿ ಹೋಗಿ, ಹೀಗೆ. ಕೊರಿಯಾದ ಹಾಡಿನ ಅಭಿಮಾನಿಗಳ ಹತ್ತಿರವೂ ಇಂಥದೇ ಪಟ್ಟಿ ಇದೆ, ನಮ್ಮ ಮಂಡ್ಯದ ಹುಡುಗರ ವಾಟ್ಸ್‌ಆ್ಯಪ್‌ನಲ್ಲೂ ಇದೆ. ಯೂಟ್ಯೂಬ್ ತನ್ನ ಲೆಕ್ಕದ ಗುಟ್ಟನ್ನು ಪೂರ್ತಿ ಬಿಟ್ಟುಕೊಡುವುದಿಲ್ಲ. ಹಾಗಾಗಿ ಈ ಪಟ್ಟಿಯಲ್ಲಿ ಅರ್ಧ ಅನುಭವ, ಇನ್ನರ್ಧ ನಂಬಿಕೆ. ಹರಕೆ ಹೊತ್ತ ಹಾಗೆ ಹುಡುಗರು ಇದನ್ನು ಪಾಲಿಸುತ್ತಾರೆ.

ಲೆಕ್ಕವೇ ಒಂದೊಂದು ಕಡೆ ಒಂದೊಂದು ಥರ ಇದೆ ಎನ್ನುವುದನ್ನೂ ಅವನಿಗೆ ಹೇಳಿ. ಯೂಟ್ಯೂಬ್‌ನ ಪುಟ್ಟ ವಿಡಿಯೋಗಳಾದ ಶಾರ್ಟ್ಸ್‌ನಲ್ಲಿ 2025ರ ಮಾರ್ಚ್ 31ರಿಂದ ವಿಡಿಯೋ ಓಡಲು ಶುರುವಾದರೆ ಸಾಕು, ಒಂದು ವ್ಯೂ. ಬೆರಳು ಸರಿಸುವಾಗ ಒಂದು ಕ್ಷಣ ಕಂಡು ಹೋದರೂ ಅದು ವ್ಯೂವೇ. ಎಡಿಟ್ ಅಂದರೆ ಹುಡುಗರು ಸಿನಿಮಾದ ತುಣುಕು ಜೋಡಿಸಿ ತಾವೇ ಮಾಡುವ ವಿಡಿಯೋ. ಆದ್ದರಿಂದ "ನಮ್ಮ ಎಡಿಟ್‌ಗೆ 10 ಲಕ್ಷ ಬಂತು" ಎಂದರೆ 10 ಲಕ್ಷ ಜನ ಕೂತು ನೋಡಿದರು ಎಂದಲ್ಲ. ಬಿಗ್ ಬಾಸ್ ವೋಟೂ ಹೀಗೆಯೇ. 2025ರ ಜನವರಿಯಲ್ಲಿ ಕನ್ನಡದ 11ನೇ ಸೀಸನ್ ಗೆದ್ದವರಿಗೆ ಬಂದದ್ದು 5 ಕೋಟಿಗೂ ಜಾಸ್ತಿ ವೋಟು. 2011ರ ಜನಗಣತಿಯಲ್ಲಿ ಇಡೀ ಕರ್ನಾಟಕದ ಜನಸಂಖ್ಯೆ, ಕೂಸುಗಳೂ ಸೇರಿ, 6 ಕೋಟಿ 11 ಲಕ್ಷ. ವೋಟು ಬೇರೆ, ಜನ ಬೇರೆ. ಗೆದ್ದ ಹುಡುಗನ ಮೇಲೆ ಜನಕ್ಕಿದ್ದ ಪ್ರೀತಿಯನ್ನು ನಾನು ಕಡಿಮೆ ಮಾಡುತ್ತಿಲ್ಲ. ಅಂಕಿಯನ್ನು ಹೇಗೆ ಓದಬೇಕು ಎನ್ನುವುದಷ್ಟೇ ನನ್ನ ಮಾತು.

ಇನ್ನು ದುಡ್ಡು. ಟೀಸರ್ ಇರುವುದು ಸಾಮಾನ್ಯವಾಗಿ ನಿರ್ಮಾಪಕರ ಚಾನೆಲ್‌ನಲ್ಲಿ ಅಥವಾ ಆಡಿಯೋ ಕಂಪನಿಯ ಚಾನೆಲ್‌ನಲ್ಲಿ. ವಿಡಿಯೋಗೆ ಮುಂಚೆ ಬರುವ ಜಾಹೀರಾತಿನಿಂದ ಹುಟ್ಟುವ ಹಣದಲ್ಲಿ, ಉದ್ದದ ವಿಡಿಯೋ ಆದರೆ, ಚಾನೆಲ್‌ನವರಿಗೆ ನೂರಕ್ಕೆ 55, ಉಳಿದದ್ದು ಯೂಟ್ಯೂಬ್‌ಗೆ. ಹೀರೋ ಸಂಭಾವನೆ ಮೊದಲೇ ಮಾತಾಗಿರುತ್ತದೆ. ನಿಮ್ಮ ತಮ್ಮ ನಿದ್ದೆಗೆಟ್ಟದ್ದಕ್ಕೆ ಅವನ ಬಾಸ್ ಜೇಬಿಗೆ ಆ ರಾತ್ರಿ ಏನೂ ಬೀಳಲಿಲ್ಲ. ಅವನೇ ಕೂತು ಮಾಡಿದ ಎಡಿಟ್ ಯೂಟ್ಯೂಬ್‌ಗೆ ಹಾಕಿದರೂ ಹಾಗೆಯೇ. 2007ರಿಂದ ಅಲ್ಲಿ ಕಂಟೆಂಟ್ ಐಡಿ ಎಂಬ ವ್ಯವಸ್ಥೆ ಇದೆ. ಹಾಡಿನ ಒಂದು ತುಂಡು ಸಿಕ್ಕರೂ ಇದು ಯಾರದ್ದು ಎಂದು ಅದು ಕಂಡುಹಿಡಿಯುತ್ತದೆ. ಆಮೇಲೆ ಮಾಲೀಕರು ಆ ವಿಡಿಯೋ ತಡೆಯಬಹುದು, ಸುಮ್ಮನೆ ನೋಡಿಕೊಂಡಿರಬಹುದು, ಇಲ್ಲವೇ ಅದರ ಮೇಲಿನ ಜಾಹೀರಾತಿನ ಹಣ ತಾವೇ ತೆಗೆದುಕೊಳ್ಳಬಹುದು. ಕಾನೂನಿನ ಪ್ರಕಾರ ಅದು ಸರಿ. ಆದರೆ ಆ ಹುಡುಗ ಮಾಡುತ್ತಿರುವುದು ಪ್ರಚಾರದ ಕೆಲಸ, ಅದಕ್ಕೆ ಸಂಬಳ ಇಲ್ಲ. ಇದು ಅವನಿಗೆ ಗೊತ್ತಿರಬೇಕು. ಗೊತ್ತಿದ್ದೂ ಪ್ರೀತಿಗಾಗಿ ಮಾಡುತ್ತೇನೆ ಎಂದರೆ ಅದು ಅವನ ಇಷ್ಟ.

ಈಗ ನಿಮ್ಮ ಮನಸ್ಸಿನಲ್ಲಿ ಚುಚ್ಚುತ್ತಿರುವ ಪ್ರಶ್ನೆಗೆ ಬರುತ್ತೇನೆ. ಅಪ್ಪ "ನಾವೂ ಮಾಡಿದ್ವಿ" ಅನ್ನುತ್ತಾರೆ. ನಿಮಗೆ ಇದು ಬೇರೆ ಅನ್ನಿಸುತ್ತದೆ. ಇಬ್ಬರದೂ ಸರಿ ಎಂದು ಹೇಳಿ ಜಾರಿಕೊಳ್ಳಬಹುದಿತ್ತು, ಆದರೆ ನಾನು ನಿಮ್ಮ ಕಡೆಗೇ ಇದ್ದೇನೆ. ಇದು ಬೇರೆಯೇ.

ನಮ್ಮಣ್ಣನನ್ನು ನೆನೆಸಿಕೊಳ್ಳುತ್ತೇನೆ. ನಾನು ಹೈಸ್ಕೂಲಿನಲ್ಲಿದ್ದಾಗ ಅವನು ಸಿನಿಮಾ ಬಿಡುಗಡೆಗೆ ವಾರ ಮುಂಚೆಯೇ ಸ್ಟಾರ್ ಕಟ್ಟಲು ಕೂರುತ್ತಿದ್ದ. ಬಿದಿರಿನ ದಬ್ಬೆ ಸೀಳಿ, ಬಣ್ಣದ ಪೇಪರ್ ಅಂಟಿಸಿ, ಒಳಗೆ ಬಲ್ಬು. ಮೈದಾ ಅಂಟು ಕಾಯಿಸಿ ಕೊಡುವುದು ನನ್ನ ಕೆಲಸ. ಅದರ ಮೇಲೆ ನಮ್ಮ ಬೀದಿಯ ಹೆಸರು ಬರೆದು ಮೈಸೂರಿನ ಶಾಂತಲಾ ಥಿಯೇಟರ್ ಮುಂದೆ ನೇತುಹಾಕಿ ಬರುತ್ತಿದ್ದರು. ಆ ಥಿಯೇಟರ್ ಕೋವಿಡ್ ವರ್ಷದಲ್ಲಿ ಬಾಗಿಲು ಹಾಕಿತು, ಆ ಸುದ್ದಿ ಓದಿದ ದಿನ ಅಣ್ಣ ಫೋನ್ ಮಾಡಿ ಹತ್ತು ನಿಮಿಷ ಏನೂ ಮಾತಾಡದೆ ಉಸಿರುಬಿಟ್ಟ. ಮಂಡ್ಯದಲ್ಲಿ ನಿಮ್ಮ ಅಪ್ಪ ಸಂಜಯ ಥಿಯೇಟರ್ ಮುಂದೆ ಇಂಥದ್ದೇ ಸ್ಟಾರ್ ಕಟ್ಟಿರಬೇಕು. ಕೇಳಿ ನೋಡಿ.

ಆಗ ಎಲ್ಲರ ಬಾಯಲ್ಲೂ ಇದ್ದ ಲೆಕ್ಕ ಯಾವುದು? ದಿನದ ಲೆಕ್ಕ. 50 ದಿನ, 100 ದಿನ, 25 ವಾರ. 1972ರಲ್ಲಿ ಬಂದ ಬಂಗಾರದ ಮನುಷ್ಯ ಬೆಂಗಳೂರಿನ ಒಂದೇ ಥಿಯೇಟರಿನಲ್ಲಿ ಎರಡು ವರ್ಷ ಓಡಿತು ಎನ್ನುವುದನ್ನು ನಮ್ಮ ಮನೆಯಲ್ಲಿ ಮಗ್ಗಿ ಹೇಳಿದ ಹಾಗೆ ಹೇಳುತ್ತಿದ್ದರು. ದಿನದ ಲೆಕ್ಕಕ್ಕೆ ಒಂದು ಗುಣ ಇತ್ತು. ಯಾರು ಯಾವಾಗ ಬಂದರೂ ಅದು ಸೇರಿಸಿಕೊಳ್ಳುತ್ತಿತ್ತು. ಕಬ್ಬಿನ ಕಟಾವು ಮುಗಿಸಿ 60ನೇ ದಿನ ಬಂದ ರೈತನ ಟಿಕೆಟ್ಟೂ ನೂರನೇ ದಿನಕ್ಕೆ ದಾರಿ. ಹಬ್ಬಕ್ಕೆ ಊರಿಗೆ ಬಂದ ಅತ್ತೆ ಮಕ್ಕಳನ್ನು ಕರೆದುಕೊಂಡು 80ನೇ ದಿನ ಹೋದರೂ ಅಭಿಮಾನಿ ಅಭಿಮಾನಿಯೇ. ತಡವಾಗಿ ಬಂದೆ ಎಂಬ ಮಾತಿರಲಿಲ್ಲ. ಹೀರೋನ ಗೌರವ ಕಾಪಾಡುವುದಕ್ಕೆ ನೂರು ದಿನ ಸಮಯ ಇತ್ತು, ಊರಿನ ಎಲ್ಲರ ಕೈಯೂ ಅದಕ್ಕೆ ಸೇರುತ್ತಿತ್ತು. ಡಾ. ರಾಜ್‌ಕುಮಾರ್ ಅವರು "ಅಭಿಮಾನಿ ದೇವರುಗಳು" ಎಂದಾಗ ಅದರಲ್ಲಿ ಈ ಅತ್ತೆಯೂ ಇದ್ದರು, ಆ ರೈತನೂ ಇದ್ದ.

ಈಗಿನ ಲೆಕ್ಕ ಗಂಟೆಯದು. 24 ಗಂಟೆಯಲ್ಲಿ ಎಷ್ಟು ವ್ಯೂ, ಎಷ್ಟು ನಿಮಿಷದಲ್ಲಿ ಲಕ್ಷ ಲೈಕ್. 25ನೇ ಗಂಟೆಗೆ ನೋಡಿದವನು ದಾಖಲೆಗೆ ಬರುವುದಿಲ್ಲ. ನಿಮ್ಮ ತಮ್ಮ ಮಲಗಲು ಹೆದರಿದ್ದು ಇದಕ್ಕೇ. ಅವನ ಕೈಯಲ್ಲಿ ಇದ್ದದ್ದು ಒಂದೇ ರಾತ್ರಿ. ಅವನಪ್ಪನ ಕೈಯಲ್ಲಿ ಇದ್ದದ್ದು ಮೂರು ತಿಂಗಳು. ಅಭಿಮಾನ ಇಬ್ಬರದೂ ಅಷ್ಟೇ ಇರಬಹುದು. ಅಳೆಯುವ ಕೋಲು ಬದಲಾಯಿತು. ಕೋಲು ಬದಲಾದ ಮೇಲೆ ಅಭಿಮಾನಿಯ ನಿದ್ದೆ, ಊಟ, ಸಿಟ್ಟು, ಎಲ್ಲವೂ ಅದಕ್ಕೆ ತಕ್ಕ ಹಾಗೆ ತಿರುಗಿಕೊಂಡವು. ನಾನು ಇಷ್ಟು ವರ್ಷ ಇದನ್ನು ನೋಡಿ ಕಂಡುಕೊಂಡದ್ದು ಇದೊಂದೇ, ಉಳಿದದ್ದೆಲ್ಲ ಇದರಿಂದಲೇ ಹುಟ್ಟಿದ್ದು ಎಂದು ನನಗೆ ಅನ್ನಿಸುತ್ತದೆ.

2021ರ ಜನವರಿಯನ್ನು ತೆಗೆದುಕೊಳ್ಳಿ. ನಮ್ಮ ಮೈಸೂರಿನಲ್ಲೇ ಬೆಳೆದ ಯಶ್ ಅವರ ಕೆಜಿಎಫ್ ಎರಡನೇ ಭಾಗದ ಟೀಸರ್ ಅವರ ಹುಟ್ಟುಹಬ್ಬ ಜನವರಿ 8ರ ಬೆಳಿಗ್ಗೆ ಬರಬೇಕಿತ್ತು. ಅದು ಮೊದಲೇ ಸೋರಿಕೆ ಆಯಿತು. ಸಿನಿಮಾದವರು ಹಿಂದಿನ ರಾತ್ರಿಯೇ ಬಿಡಬೇಕಾಯಿತು. ಬೆಳಿಗ್ಗೆಗೆ ಸಿದ್ಧವಾಗಿದ್ದ ಹುಡುಗರೆಲ್ಲ ಊಟದ ತಟ್ಟೆ ಬಿಟ್ಟು ಫೋನ್ ಹಿಡಿದರು. ಎರಡು ದಿನದ ಆಸುಪಾಸಿನಲ್ಲಿ 10 ಕೋಟಿ ವ್ಯೂ ದಾಟಿತು. ಕನ್ನಡದ ಟೀಸರ್ ಒಂದನ್ನು ದೇಶವೇ ನೋಡುತ್ತಿದೆ ಎನ್ನುವ ಹೆಮ್ಮೆ ನನಗೂ ಆಗಿತ್ತು, ಸುಳ್ಳು ಹೇಳಲ್ಲ. ಆ ಹೆಮ್ಮೆಯೇ ಮುಂದೆ ಬಂದ ಪ್ರತಿಯೊಬ್ಬ ಹೀರೋನ ಹುಡುಗರಿಗೂ ದಾಟಲೇಬೇಕಾದ ಗೆರೆ ಆಯಿತು.

ಈ 24 ಗಂಟೆಯ ಲೆಕ್ಕ ಎಷ್ಟು ಸಡಿಲ ಎನ್ನುವುದಕ್ಕೆ ಒಂದು ಉದಾಹರಣೆ ಇದೆ. 2019ರ ಜುಲೈನಲ್ಲಿ ಬಾದ್‌ಷಾ ಎಂಬ ಹಿಂದಿ ಗಾಯಕರ ಹಾಡಿಗೆ 24 ಗಂಟೆಯಲ್ಲಿ ಏಳೂವರೆ ಕೋಟಿ ವ್ಯೂ ಬಂತು, ವಿಶ್ವದಾಖಲೆ ಎಂದರು. ಅದರಲ್ಲಿ ಜಾಹೀರಾತಿಗೆ ದುಡ್ಡು ಕೊಟ್ಟು ತಂದ ವ್ಯೂಗಳೂ ಇದ್ದವು ಎಂದು ಗಲಾಟೆ ಆಯಿತು. ಅದೇ ಸೆಪ್ಟೆಂಬರಿನಲ್ಲಿ ಯೂಟ್ಯೂಬ್ ನಿಯಮ ಬದಲಿಸಿತು. ದುಡ್ಡು ಕೊಟ್ಟು ತಂದ ವ್ಯೂ 24 ಗಂಟೆಯ ದಾಖಲೆಗೆ ಸೇರುವುದಿಲ್ಲ ಎಂದಿತು. ಆದರೆ ವಿಡಿಯೋ ಕೆಳಗೆ ಕಾಣುವ ಒಟ್ಟು ಅಂಕಿಯಲ್ಲಿ ಅವು ಈಗಲೂ ಇರುತ್ತವೆ. ಹುಡುಗರು ಸ್ಕ್ರೀನ್‌ಶಾಟ್ ತೆಗೆದು ಎದೆ ತಟ್ಟಿಕೊಳ್ಳುವುದು ಆ ಒಟ್ಟು ಅಂಕಿಯನ್ನು ನೋಡಿ. ಒಂದು ಕಡೆ ದುಡ್ಡು ಸುರಿದು ವ್ಯೂ ತರುವ ಕಂಪನಿ, ಇನ್ನೊಂದು ಕಡೆ ಮನೆಯ ನಾಲ್ಕು ಫೋನ್ ಇಟ್ಟುಕೊಂಡು ಕೂತ ಹುಡುಗ. ಇದನ್ನು ನೆನೆದರೆ ನನಗೆ ಸಂಕಟ ಆಗುತ್ತದೆ.

ಎಕ್ಸ್‌ನಲ್ಲಿ, ಅಂದರೆ ಹಳೆಯ ಟ್ವಿಟರ್‌ನಲ್ಲಿ, ಟ್ರೆಂಡ್ ಮಾಡುವುದೂ ಇದೇ ದಾರಿ. ಹೆಚ್ಚು ಜನ ತುಂಬಾ ದಿನದಿಂದ ಮಾತಾಡುತ್ತಿರುವ ವಿಷಯ ಅಲ್ಲಿ ಮೇಲೆ ಬರುವುದಿಲ್ಲ. ಇದ್ದಕ್ಕಿದ್ದ ಹಾಗೆ ಏರಿದ್ದು ಮೇಲೆ ಬರುತ್ತದೆ. ಅದಕ್ಕೇ ಫ್ಯಾನ್ಸ್ ಟ್ಯಾಗನ್ನು ಗುಟ್ಟಾಗಿ ಇಟ್ಟು "ಸಂಜೆ 6ಕ್ಕೆ ಟ್ಯಾಗ್ ಬಿಡ್ತೀವಿ, ಅಲ್ಲಿವರೆಗೆ ಯಾರೂ ಹಾಕಬೇಡಿ" ಎನ್ನುತ್ತಾರೆ. ಆರು ಗಂಟೆಗೆ ಎಲ್ಲರೂ ಒಟ್ಟಿಗೆ ನುಗ್ಗುತ್ತಾರೆ. ಹುಟ್ಟುಹಬ್ಬಕ್ಕೆ ಎಲ್ಲರೂ ಒಂದೇ ಡಿಪಿ ಹಾಕುವುದೂ ಹೀಗೆ ಬಂದದ್ದೇ. ಮೊದಲು ತಮಟೆಯವರು ಬಂದಾಗ ಕುಣಿಯುತ್ತಿದ್ದೆವು. ಈಗ ಕುಣಿಯುವ ಹೊತ್ತನ್ನು ಕಂಪ್ಯೂಟರಿನ ಲೆಕ್ಕ ಗೊತ್ತುಮಾಡುತ್ತದೆ.

ಹಳೆಯದೆಲ್ಲ ಚಿನ್ನ ಎಂದು ನಾನು ಹೇಳುತ್ತಿಲ್ಲ. ಬ್ಲಾಕ್ ಟಿಕೆಟ್ ಗಲಾಟೆ, ಕಟೌಟ್ ಕಟ್ಟುವ ಜಾಗಕ್ಕೆ ಹೊಡೆದಾಟ, ನಮ್ಮಣ್ಣನ ಹಣೆಯ ಮೇಲೆ ಈಗಲೂ ಇರುವ ಗಾಯದ ಗುರುತು, ಎಲ್ಲ ನೆನಪಿದೆ. 2024ರ ಜನವರಿಯಲ್ಲಿ ಗದಗ ಜಿಲ್ಲೆಯ ಸೂರಣಗಿಯಲ್ಲಿ ಯಶ್ ಹುಟ್ಟುಹಬ್ಬದ ಕಟೌಟ್ ನಿಲ್ಲಿಸಲು ಹೋಗಿ ಮೂವರು ಹುಡುಗರು ಕರೆಂಟ್ ಹೊಡೆದು ಸತ್ತರು. ಯಶ್ ಆ ಹುಡುಗರ ಮನೆಗಳಿಗೆ ಹೋಗಿ ಬಂದರು. ಆ ತಾಯಂದಿರ ಮುಂದೆ ಹಳೆಯ ಕಾಲ ಚೆನ್ನಾಗಿತ್ತು ಎಂದು ಯಾರು ಹೇಳಿಯಾರು? ಫೋನಿನಲ್ಲಿ ಅಭಿಮಾನ ತೋರಿಸುವ ಹುಡುಗನ ಜೀವಕ್ಕಾದರೂ ಭಯವಿಲ್ಲ ಎಂದು ನಿಮ್ಮ ತಾಯಿ ಅಂದುಕೊಂಡಿದ್ದರೆ ಅದೂ ತಪ್ಪಲ್ಲ.

ಬೈದಾಟದ ವಿಷಯ. ಇಲ್ಲಿ ಸ್ವಲ್ಪ ನಿಲ್ಲುತ್ತೇನೆ, ಏಕೆಂದರೆ ನೀವು ಇದನ್ನು ಒಂದೇ ಸಾಲಿನಲ್ಲಿ ಬರೆದಿದ್ದೀರಿ, ಆದರೆ ಇದೇ ದೊಡ್ಡದು. ಥಿಯೇಟರ್ ಕಾಲದಲ್ಲಿ ಎರಡು ಹೀರೋಗಳ ಅಭಿಮಾನಿಗಳು ಎರಡು ಥಿಯೇಟರಿನಲ್ಲಿ ಇರುತ್ತಿದ್ದರು. ಸಂಜೆ ಒಂದೇ ಟೀ ಅಂಗಡಿಯಲ್ಲಿ ಸಿಗುತ್ತಿದ್ದರು. ಮುಖ ನೋಡಿಕೊಂಡು ಬೈಯುವುದಕ್ಕೆ ಒಂದು ಮಿತಿ ಇತ್ತು. ಈಗ ಇಬ್ಬರ ಅಂಕಿಯೂ ಒಂದೇ ಪರದೆ ಮೇಲೆ, ಒಂದರ ಪಕ್ಕ ಒಂದು. ಹೋಲಿಸದೆ ಇರುವುದೇ ಕಷ್ಟ. ಜೊತೆಗೆ, ಹೊಗಳಿದ ಕಾಮೆಂಟೂ ಕಾಮೆಂಟೇ, ಬೈದ ಕಾಮೆಂಟೂ ಕಾಮೆಂಟೇ. ಎಲ್ಲಿ ಮಾತು ಜಾಸ್ತಿ ನಡೆಯುತ್ತದೋ ಆ ಪೋಸ್ಟು ಇನ್ನಷ್ಟು ಜನರ ಮುಂದೆ ಹೋಗುತ್ತದೆ. ನಿಮ್ಮ ತಮ್ಮ ಎದುರಿನವರ ಟ್ರೇಲರ್‌ಗೆ ಹೋಗಿ ಬೈದು ಬಂದರೆ ಅವರಿಗೆ ಒಂದು ವ್ಯೂ, ಒಂದು ಕಾಮೆಂಟ್ ಕೊಟ್ಟು ಬಂದ ಹಾಗೆ. ಡಿಸ್‌ಲೈಕ್ ಒತ್ತಿ ಬಂದರೂ ಯಾರಿಗೂ ಕಾಣುವುದಿಲ್ಲ, 2021ರ ನವೆಂಬರಿನಿಂದ ಆ ಅಂಕಿಯನ್ನು ಯೂಟ್ಯೂಬ್ ಮುಚ್ಚಿಟ್ಟಿದೆ. ತರಗತಿಯಲ್ಲಿ ಇದನ್ನು ಹೇಳಿದಾಗ ಹುಡುಗರು ಒಬ್ಬರ ಮುಖ ಒಬ್ಬರು ನೋಡುತ್ತಾರೆ. ಬುದ್ಧಿ ಹೇಳಿದ್ದಕ್ಕಿಂತ ಇದು ಬೇಗ ನಾಟುತ್ತದೆ.

ಟಿಕೆಟ್ ಬುಕ್ ಮಾಡುವ ಆ್ಯಪ್‌ಗಳಲ್ಲಿ ನಮ್ಮ ಹೀರೋಗೆ ಹತ್ತಕ್ಕೆ ಹತ್ತು, ಎದುರಿನವರಿಗೆ ಹತ್ತಕ್ಕೆ ಒಂದು ಕೊಡುವುದೂ ಇದೇ ಜಗಳದ ಇನ್ನೊಂದು ರೂಪ. ಅದರಿಂದ ಕೆಡುವುದು ಯಾರದು? ವಾರಕ್ಕೊಂದು ಸಿನಿಮಾ ನೋಡಲು ದುಡ್ಡು ಎಣಿಸುವ ಮನೆಯವರದು. ಅವರಿಗೆ ನಂಬುವ ಮಾತೇ ಸಿಗದ ಹಾಗಾಗಿದೆ.

ಜಗಳ ಹೆಣ್ಣುಮಕ್ಕಳ ಕಡೆ ತಿರುಗಿದಾಗ ಅದು ಕೊಳಕಾಗುತ್ತದೆ. 2025ರ ಜುಲೈನಲ್ಲಿ ನಿಮ್ಮ ಮಂಡ್ಯದ ಮಾಜಿ ಸಂಸದೆ, ನಟಿ ರಮ್ಯಾ ಅವರು ಒಬ್ಬ ಹೀರೋ ಮೇಲಿದ್ದ ಕೋರ್ಟ್ ಕೇಸಿನ ಬಗ್ಗೆ ಪೋಸ್ಟ್ ಹಾಕಿದರು. ಅದಕ್ಕೆ ಬಂದ ಅಶ್ಲೀಲ ಮೆಸೇಜುಗಳನ್ನು ಇಟ್ಟುಕೊಂಡು 43 ಖಾತೆಗಳ ಮೇಲೆ ಬೆಂಗಳೂರಿನ ಪೊಲೀಸ್ ಕಮಿಷನರ್‌ಗೆ ದೂರು ಕೊಟ್ಟರು. ಪೊಲೀಸರು ಹುಡುಕಿ ಕೆಲವರನ್ನು ಬಂಧಿಸಿದರು. ಹೆಸರು ಬದಲಿಸಿಕೊಂಡ ಖಾತೆ, ಹೀರೋ ಫೋಟೋ ಇರುವ ಡಿಪಿ, ಯಾವುದೂ ಅಡ್ಡ ಬರಲಿಲ್ಲ. ಅಶ್ಲೀಲವಾದದ್ದನ್ನು ಹೀಗೆ ಹಾಕುವುದು ಐಟಿ ಕಾಯ್ದೆಯ 67ನೇ ಸೆಕ್ಷನ್ನಿನ ಕೆಳಗೆ ಅಪರಾಧ, ಮೊದಲ ಸಲಕ್ಕೇ ಮೂರು ವರ್ಷದವರೆಗೆ ಜೈಲು, 5 ಲಕ್ಷದವರೆಗೆ ದಂಡ. ನಿಮ್ಮ ತಮ್ಮ ಯಾವ ಮಾತು ಬರೆಯುತ್ತಾನೋ ನನಗೆ ಗೊತ್ತಿಲ್ಲ. ಆದರೆ ಒಂದು ಕೆಲಸ ಮಾಡಿ. ಅವನು ಬರೆದ ಕಾಮೆಂಟುಗಳನ್ನು ಅವನ ಬಾಯಿಂದಲೇ ನಿಮ್ಮೆದುರು ಗಟ್ಟಿಯಾಗಿ ಓದಿಸಿ. ಅಕ್ಕನ ಮುಂದೆ ಓದಲಾಗದ್ದನ್ನು ಅಳಿಸಿಹಾಕಲಿ. ನನ್ನ ತರಗತಿಯ ಒಬ್ಬ ಹುಡುಗ ಹೀಗೆ ಮನೆಯಲ್ಲಿ ಕೂತು ಒಂದು ಸಂಜೆಯಲ್ಲಿ ಇನ್ನೂರಕ್ಕೂ ಜಾಸ್ತಿ ಅಳಿಸಿದ.

ಇದೇ ಜಾಗದಲ್ಲಿ ಇನ್ನೊಂದು ಎಚ್ಚರಿಕೆ. ಥಿಯೇಟರಿನಲ್ಲಿ ಹೀರೋ ಎಂಟ್ರಿ ಸೀನ್ ಫೋನಿನಲ್ಲಿ ಹಿಡಿದು ಸ್ಟೇಟಸ್ ಹಾಕುವುದು ಫ್ಯಾನ್ ಪೇಜಿನವರಿಗೆ ಮಾಮೂಲಿ. ಸಿನಿಮಾ ಮೇಲಿನ ಪ್ರೀತಿಗೇ ಮಾಡುತ್ತಾರೆ. ಆದರೆ 2023ರಲ್ಲಿ ಸಿನಿಮಾಟೋಗ್ರಾಫ್ ಕಾಯ್ದೆಗೆ ತಿದ್ದುಪಡಿ ಆಗಿದೆ. ಥಿಯೇಟರಿನಲ್ಲಿ ಕಳ್ಳ ಕಾಪಿಗೆ ರೆಕಾರ್ಡ್ ಮಾಡಿದರೆ ಕಡಿಮೆ ಎಂದರೂ ಮೂರು ತಿಂಗಳು ಜೈಲು, 3 ಲಕ್ಷ ದಂಡ. ಶಿಳ್ಳೆ ಹೊಡೆಯಲಿ, ಫೋನ್ ಜೇಬಿನಲ್ಲಿರಲಿ.

ಇಷ್ಟು ಹೇಳಿದ ಮೇಲೆ ಫೋನಿನಿಂದ ಆದ ಒಳ್ಳೆಯದನ್ನು ಹೇಳದಿದ್ದರೆ ನಾನು ಅನ್ಯಾಯ ಮಾಡಿದ ಹಾಗೆ.

2013ರಲ್ಲಿ ಬಂದ ಲೂಸಿಯಾ ನೆನಪಿದೆಯಾ? ನಿರ್ದೇಶಕ ಪವನ್ ಕುಮಾರ್ ನಿರ್ಮಾಪಕರು ಸಿಗದೆ ಇಂಟರ್ನೆಟ್‌ನಲ್ಲಿ ಜನರನ್ನೇ ಕೇಳಿದರು. ನೂರಕ್ಕೂ ಜಾಸ್ತಿ ಜನ ತಲಾ ಇಷ್ಟು ಅಂತ ಹಾಕಿ ಸುಮಾರು 50 ಲಕ್ಷ ರೂಪಾಯಿ ಒಂದು ತಿಂಗಳೊಳಗೆ ಕೂಡಿಸಿದರು. ನೋಡುವವರೇ ದುಡ್ಡು ಹಾಕಿ ಕನ್ನಡ ಸಿನಿಮಾ ಮಾಡಿಸಿದ್ದು ಅದು. 2022ರ ಕಾಂತಾರವನ್ನೂ ನೋಡಿ. ಸೆಪ್ಟೆಂಬರ್ 30ಕ್ಕೆ ಬರೀ ಕನ್ನಡದಲ್ಲಿ ಬಂತು. ನೋಡಿದವರು ಬರೆದರು, ಬೇರೆ ರಾಜ್ಯದವರು ಓದಿದರು, ನಮ್ಮ ಭಾಷೆಗೂ ಕೊಡಿ ಎಂದು ಕೇಳಿದರು. ಎರಡು ವಾರ ಕಳೆದು ಹಿಂದಿ, ತೆಲುಗಿಗೆ ಹೋಯಿತು. 24 ಗಂಟೆಯ ಓಟ ಅಲ್ಲ ಅದು. ಫೋನಿನೊಳಗೇ ನಡೆದ ಹಳೆಯ ಬಾಯಿಮಾತು, ವಾರಗಟ್ಟಲೆ ನಡೆಯಿತು. ಆದ್ದರಿಂದ ತಪ್ಪು ಫೋನಿನದೇ ಎಂದು ನಾನು ಒಪ್ಪುವುದಿಲ್ಲ. ಒಂದೇ ಫೋನಿನಲ್ಲಿ ಓಡುವುದಕ್ಕೂ ಆಗುತ್ತದೆ, ನಿಧಾನಕ್ಕೆ ನಡೆಯುವುದಕ್ಕೂ ಆಗುತ್ತದೆ.

2021ರ ಅಕ್ಟೋಬರ್ 29ರಂದು ಪುನೀತ್ ರಾಜ್‌ಕುಮಾರ್ ಹೋದರು. ಆ ದಿನ ಮೈಸೂರಿನಲ್ಲಿ ಅಂಗಡಿಯವರೂ ಆಟೋದವರೂ ಸುಮ್ಮನೆ ಫೋನ್ ನೋಡುತ್ತಾ ನಿಂತಿದ್ದರು. ಇಲ್ಲಿನ ಶಕ್ತಿಧಾಮ ಎಂಬ ಆಶ್ರಯಧಾಮದ ಹೆಣ್ಣುಮಕ್ಕಳ ಜೊತೆ ಅವರು ಇದ್ದ ವಿಡಿಯೋಗಳು ಒಂದೊಂದಾಗಿ ಹೊರಬಂದವು. ಅವರ ಕಣ್ಣು ನಾಲ್ಕು ಜನಕ್ಕೆ ಬೆಳಕು ಕೊಟ್ಟ ಸುದ್ದಿ ಊರೂರಿಗೆ ಹೋಯಿತು. ಆಮೇಲೆ ಕರ್ನಾಟಕದಲ್ಲಿ ಕಣ್ಣು ದಾನಕ್ಕೆ ಹೆಸರು ಬರೆಸುವವರು ಸಾಲುಗಟ್ಟಿದರು. ಫ್ಯಾನ್ ಪೇಜುಗಳೇ ಫಾರ್ಮಿನ ಲಿಂಕ್ ಹಂಚಿದವು. ನನ್ನ ತರಗತಿಯಲ್ಲಿ ಆ ವಾರ ಹನ್ನೊಂದು ಜನ ಬರೆಸಿದರು. ಆ ಹನ್ನೊಂದು ಯಾವ ದಾಖಲೆಯಲ್ಲೂ ಇಲ್ಲ, ಅದಕ್ಕೆ 24 ಗಂಟೆಯ ಗಡುವೂ ಇರಲಿಲ್ಲ. ಅಪ್ಪು ಮೇಲಿನ ಪ್ರೀತಿ ಇಷ್ಟು ದೂರ ಹೋದದ್ದು ಇದೇ ಫೋನಿನ ಮೂಲಕ ಎನ್ನುವುದನ್ನು ನಾನು ಮರೆಯುವುದಿಲ್ಲ.

ನಿಮ್ಮ ತಮ್ಮನ ಕೈಯಲ್ಲೂ ಒಂದು ವಿದ್ಯೆ ಇದೆ. 40 ಸಾವಿರ ಜನರನ್ನು ಸುಮ್ನೆ ಕೂಡಿಸಲು ಆಗುವುದಿಲ್ಲ. ಅಲೈಟ್ ಮೋಷನ್ ಎಂಬ ಎಡಿಟಿಂಗ್ ಆ್ಯಪ್‌ನಲ್ಲಿ ಹಾಡಿನ ತಾಳಕ್ಕೆ ಸರಿಯಾಗಿ ಶಾಟ್ ಕತ್ತರಿಸುವುದು, ಮೂರು ಸೆಕೆಂಡಿನಲ್ಲಿ ನೋಡುಗನನ್ನು ಹಿಡಿದಿಡುವುದು, ಕನ್ನಡದಲ್ಲಿ ಚುರುಕಾಗಿ ಸಾಲು ಬರೆಯುವುದು, ಇವೆಲ್ಲ ಕೆಲಸ ಕೊಡುವ ವಿದ್ಯೆ. ನನ್ನ ಹಳೆಯ ವಿದ್ಯಾರ್ಥಿನಿಯೊಬ್ಬಳು ಫ್ಯಾನ್ ಎಡಿಟ್ ಮಾಡುತ್ತಲೇ ಕಲಿತು ಈಗ ಬೆಂಗಳೂರಿನಲ್ಲಿ ಸಂಕಲನದ ಸಹಾಯಕಿ. ಅವನಿಗೆ ಹೇಳಿ, ನಾಲ್ಕು ಫೋನಿನಲ್ಲಿ ಟೀಸರ್ ಓಡಿಸಿದ ರಾತ್ರಿ ಅವನು ಏನೂ ಕಲಿಯಲಿಲ್ಲ. ಒಂದು ಎಡಿಟ್ ಮಾಡಿದ ರಾತ್ರಿ ಕಲಿತ. ಎರಡನ್ನೂ ಅವನು ಅಭಿಮಾನ ಎಂದೇ ಕರೆಯುತ್ತಾನೆ. ವ್ಯತ್ಯಾಸ ಅವನೇ ಕಂಡುಕೊಳ್ಳಲಿ.

ಹಾಗಾದರೆ ಫೋನ್ ಕಿತ್ತಿಡಬೇಕಾ? ಬೇಡ. ಅವನ ಸ್ನೇಹಿತರೆಲ್ಲ ಅದರೊಳಗೇ ಇದ್ದಾರೆ. ನಿಮ್ಮಪ್ಪನ ಸಂಘಕ್ಕೆ ಟೀ ಅಂಗಡಿ ಬೆಂಚು ಇತ್ತು, ಇವನ ಸಂಘಕ್ಕೆ ವಾಟ್ಸ್‌ಆ್ಯಪ್ ಗ್ರೂಪು. ಕಿತ್ತಿಟ್ಟರೆ ಗೆಳೆಯನ ಫೋನಿನಿಂದ ನಡೆಸುತ್ತಾನೆ, ನಿಮಗೆ ಹೇಳುವುದನ್ನು ಮಾತ್ರ ನಿಲ್ಲಿಸುತ್ತಾನೆ. ಮಿಕ್ಕ ಮೂರು ಫೋನು ಮನೆಯವರದು, ಅವು ಮನೆಯವರ ಹತ್ತಿರ ಇರಲಿ, ಅಷ್ಟು ಕಟ್ಟುನಿಟ್ಟು ಮಾಡಿ. ಮುಂದಿನ ಟೀಸರ್ ಬರುವ ದಿನ ಪರೀಕ್ಷೆ ಇದ್ದರೆ ಪೇಜನ್ನು ಆ ರಾತ್ರಿ ಗ್ರೂಪಿನ ಬೇರೆ ಹುಡುಗ ನೋಡಿಕೊಳ್ಳಲಿ. ಸಂಘ ಎಂದ ಮೇಲೆ ಪಾಳಿ ಇರಬೇಕಲ್ವಾ? ನಿಮ್ಮಪ್ಪನವರೂ ಕಟೌಟ್ ಕಾಯಲು ಪಾಳಿ ಮೇಲೆ ಮಲಗಿರಬೇಕು. ಈ ಮಾತನ್ನು ನಿಮಗಿಂತ ಅಪ್ಪನೇ ಹೇಳಿದರೆ ಚೆನ್ನ. "ನಾವೂ ಮಾಡಿದ್ವಿ" ಎನ್ನುವಲ್ಲಿಗೆ ನಿಲ್ಲಿಸದೆ, ಹೇಗೆ ಮಾಡಿದೆವು ಎಂದು ಅವರು ಕೂತು ಹೇಳಲಿ. ಟೀಸರ್ ಬಂದಾಗ ಮೂರೂ ಜನ ಒಂದು ಸಲ ಸೌಂಡ್ ಜೋರಾಗಿ ಇಟ್ಟು ನೋಡಿ. ನೀವು ಬರೆದದ್ದರಲ್ಲಿ ನನ್ನನ್ನು ತುಂಬಾ ಕಾಡಿದ್ದು ಆ ಸೌಂಡ್ ಆಫ್ ಮಾಡಿದ ವಿಷಯ. ರಾತ್ರಿಯೆಲ್ಲ ಓಡಿಸಿದ, ಒಂದು ಸಲವಾದರೂ ಬಾಸ್ ಡೈಲಾಗ್ ಕೇಳಿದನೋ ಇಲ್ಲವೋ.

ಕಡೆಯದಾಗಿ ಆ 3 ಸಾವಿರ. ಖಂಡಿತ ಬೇಡ. ಫ್ಯಾನ್ ಪೇಜ್, ಟ್ರೋಲ್ ಪೇಜುಗಳಿಗೆ ಇಂಥ ಮೆಸೇಜ್ ಬರುವುದು ಅಲ್ಲಿ ಹುಡುಗರು ಗುಂಪಾಗಿ ಸಿಗುತ್ತಾರೆ ಎಂದೇ. ಹೀರೋ ಮೇಲೆ ನಂಬಿಕೆ ಇಟ್ಟು ಬಂದ 40 ಸಾವಿರ ಹುಡುಗರನ್ನು ಬೆಟ್ಟಿಂಗ್‌ಗೆ ತೋರಿಸಿಕೊಟ್ಟ ಹಾಗಾಗುತ್ತದೆ. ಸಾಲ ಮಾಡಿ ಆಡಿ ಊರು ಬಿಟ್ಟವರ ಮನೆಗಳು ಮಂಡ್ಯದಲ್ಲೂ ಇವೆ, ಮೈಸೂರಿನಲ್ಲೂ ಇವೆ. 2025ರ ಆಗಸ್ಟ್‌ನಲ್ಲಿ ಸಂಸತ್ತು ಪಾಸು ಮಾಡಿದ ಆನ್‌ಲೈನ್ ಗೇಮಿಂಗ್ ಕಾಯ್ದೆಯಲ್ಲಿ ದುಡ್ಡಿಟ್ಟು ಆಡುವ ಆಟಗಳ ಜಾಹೀರಾತು ಹಾಕುವುದೂ ಅಪರಾಧ. ಎರಡು ವರ್ಷದವರೆಗೆ ಜೈಲು, 50 ಲಕ್ಷದವರೆಗೆ ದಂಡ, ಅಥವಾ ಎರಡೂ. ಸ್ಟೋರಿ 24 ಗಂಟೆಗೆ ಹೋಗಿಬಿಡುತ್ತೆ ಅಂತ ಅವನು ಹೇಳಬಹುದು, ಸ್ಕ್ರೀನ್‌ಶಾಟ್ ಹೋಗುವುದಿಲ್ಲ. "ಪೇಜಿನ ಲಾಗಿನ್ ಕೊಡಿ, ನಾವೇ ಹಾಕಿಕೊಳ್ತೀವಿ" ಎಂದೂ ಕೇಳುತ್ತಾರೆ, ಕೊಟ್ಟರೆ ಪೇಜೇ ಕೈತಪ್ಪುತ್ತದೆ. ಇವತ್ತೇ ಆ ಖಾತೆಯನ್ನು ರಿಪೋರ್ಟ್ ಮಾಡಿ ಬ್ಲಾಕ್ ಮಾಡಲಿ. ಪೇಜಿಗೆ ಎರಡು ಹಂತದ ಭದ್ರತೆ ಹಾಕಿಕೊಳ್ಳಲಿ, ಐದು ನಿಮಿಷದ ಕೆಲಸ. ಅವನು ಮಾಡಿದ ಒಂದು ಎಡಿಟ್ ನನಗೂ ಕಳಿಸಲು ಹೇಳಿ, ನೋಡಿ ಬರೆಯುತ್ತೇನೆ.